ಒಲೆಯ ಹಿಂದಿನ ಮಡಕೆ

ಗುದ್ದಲಿ ಬಿದ್ದ ಸದ್ದು ಬೇರೆಯಾಗಿತ್ತು. ಮುನಿಲಕ್ಷ್ಮಮ್ಮ ಬಗ್ಗಿ ನೋಡಿದಳು. ಹುತ್ತದ ಹೊಟ್ಟೆಯೊಳಗೆ ಚಕ್ಕಳದಂಥ ಮೆತ್ತನೆ ಸಿಪ್ಪೆಯ ಬಿಳಿ ಮೊಟ್ಟೆಗಳು ಒತ್ತೊತ್ತಾಗಿ ಕೂತಿದ್ದವು. ಒಂದು ಒಡೆದು ಹಳದಿ ಲೋಳೆ ಮಣ್ಣಿಗೆ ಇಳಿಯುತ್ತಿತ್ತು. ಅದರ ನಡುವೆ ನೂಲೆಳೆಯಂತೆ ಸುರುಳಿ ಸುತ್ತಿಕೊಂಡ ಏನೋ ಒಂದು. ಒಲೆ ಹಾಕೋಕೆ ಹುತ್ತದ ಮಣ್ಣಿನಂಥ ಮಣ್ಣಿಲ್ಲ, ಹುಣಸೆ ತೋಪಿನ ಅಂಚಿನ ಈ ಹುತ್ತ ಪಾಳು ಬಿದ್ದಿದೆ ಎಂದು ಕರೆತಂದವಳು ಅತ್ತೆ ಅಮ್ಮಯಮ್ಮನೇ. ಈಗ ಅವಳೇ ಮಂಕರಿ ಬುಟ್ಟಿ ಕೆಳಗೆ ಹಾಕಿ ಕೆನ್ನೆ ಬಡಿದುಕೊಂಡಳು.

"ನಾಗಪ್ಪನ ಮೊಟ್ಟೆ ಕಣೇ! ಏನ್ ಮಾಡ್ಬಿಟ್ಟೆ ನನ್ ತಾಯೀ, ಬಸುರಿ ಕೈಯಾಗೆ!"

ಮುನಿಲಕ್ಷ್ಮಮ್ಮನಿಗೆ ಅಳು ಬರಲಿಲ್ಲ, ಒಡೆದದ್ದರ ಮೇಲೆ ಕೈಯಿಂದ ಮಣ್ಣು ಎಳೆದಳು. ಈ ಹಿಂದೆ ಎರಡು ಸಲವೂ ಆರು ತಿಂಗಳು ತುಂಬುವಷ್ಟರಲ್ಲಿ ಕೂಸು ಜಾರಿಹೋಗಿತ್ತು. ಮೂರನೆಯದು ಈಗಷ್ಟೇ ನಿಂತಿತ್ತು.

ಸಂಜೆ ಜಗಲಿಯ ಮೇಲೆ ತೀರ್ಮಾನ ಹೇಳಿದವಳೂ ಅಮ್ಮಯಮ್ಮನೇ. "ನಾಗರ ಕಲ್ಲು ನಿಲ್ಲಿಸಾನ. ಆದ್ರೆ ಈ ಕೂಸೂ ನಿಲ್ಲಾಕಿಲ್ಲ, ಬರೆದಿಟ್ಕೊಳಿ. ನನ್ ತಮ್ಮನ ಮಗಳು ಅಂಜಿನಮ್ಮನ್ನ ಇವನಿಗೆ ಎರಡ್ನೇ ಹೆಂಡ್ತಿಯಾಗಿ ಈ ಮನೆಗೆ ತರೋದೇ ಸೈ." ಮಗ ಮುನಿವೆಂಕಟಪ್ಪ ತಲೆ ತಗ್ಗಿಸಿ ಕೂತಿದ್ದ. ಒಳ್ಳೆಯವನೇ, ಆದರೆ ಅವ್ವ ಅಂದರೂ ಹೂಂ, ಹೆಂಡತಿ ಅಂದರೂ ಹೂಂ.

ಮಾತಾಡಿದವನು ಮೈದುನ ವೆಂಕಟರಾಯಪ್ಪ. ಬೆಂಗಳೂರಿನಲ್ಲಿ ಪ್ರಾಣಿಶಾಸ್ತ್ರ ಓದುತ್ತಿದ್ದ. ಹುಡುಗರೆಲ್ಲ ಚಳವಳಿಗೆ ಇಳಿದು ಕಾಲೇಜಿಗೆ ಬೀಗ ಬಿದ್ದಿದ್ದರಿಂದ ಊರಿಗೆ ಬಂದು ಅವ್ವನ ರಾಗಿಮುದ್ದೆಗೂ ನಾಲಿಗೆಗೂ ಸಿಕ್ಕಿಕೊಂಡಿದ್ದ.

"ನಾಗರ ಬೇಸಿಗೇಲಿ ಮೊಟ್ಟೆ ಇಡೋದವ್ವ, ದೀಪಾವಳಿ ಕಳೆದ ಮೇಲೆ ಎಲ್ಲಿಂದ ಬಂತು? ಹುತ್ತದಾಗೆ ಬೇರೆ ಪ್ರಾಣೀನೂ ಇಡ್ತವೆ."

"ಹಾವಿನ ಮರಿ ಸುರುಳಿ ಸುತ್ಕೊಂಡಿದ್ದು ಈ ಕಣ್ಣಾಗೆ ನೋಡ್ದೆ."

"ಮೊದಮೊದ್ಲು ಎಲ್ಲಾ ಹಂಗೇ ಇರ್ತವೆ. ಹಲ್ಲಿ, ಆಮೆ, ಕೋಳಿ, ಕೊನೆಗೆ ನಾವೂನೂವೆ. ಹಾವು, ಹಲ್ಲಿ, ಓತಿಕ್ಯಾತ ಒಂದೇ ವಂಶ, ಮೊಸಳೆ ದೂರದ ದಾಯಾದಿ. ಹಿಂದೆ ಹಾವಿಗೂ ಕಾಲಿದ್ವು."

"ಎಲ್ಲಿ ಬಿಟ್ ಬಂತಂತೆ?"

"ಬಿಲದೊಳಗೆ ನುಗ್ಗೋಕೆ ಅಡ್ಡ ಬರ್ತಿದ್ವು. ತಲೆತಲಾಂತರಕ್ಕೆ ಸಣ್ಣಗಾಗಿ ಹೋದ್ವು."

ಮಗ ಓದಿದ್ದು ಹೆಚ್ಚಾಯಿತು ಅನ್ನುವಂತೆ ಅಮ್ಮಯಮ್ಮ ಎಲೆಗೆ ಸುಣ್ಣ ಹಚ್ಚಿದಳು. ಆದರೂ ಒಂದು ಮಾತಿಗೆ ಒಪ್ಪಿದಳು. ಮರಿಯಾಗುವ ತನಕ ಕಾಯುವುದು. ನಾಗರವಾದರೆ ಅಂಜಿನಮ್ಮ ಬರುವುದು.

ವೆಂಕಟರಾಯಪ್ಪ ಹುತ್ತವನ್ನು ಮೊದಲಿನಂತೆ ಮುಚ್ಚಿ, ಎರಡೇ ಮೊಟ್ಟೆಗಳನ್ನು ಅದರ ಮಣ್ಣಿನ ಸಮೇತ ಮಡಕೆಯಲ್ಲಿ ತಂದ. ಮೇಲ್ಭಾಗಕ್ಕೆ ಇದ್ದಿಲಿನಿಂದ ಗುರುತು ಹಾಕಿ, ಒಲೆಯ ಹಿಂದಿನ ಬೆಚ್ಚನೆ ಮೂಲೆಯಲ್ಲಿಟ್ಟ.

"ಕೋಳಿ ಮೊಟ್ಟೆ ತರ ಹೊರಳಿಸ್ಬೇಡಿ ಅತ್ತಿಗೆ. ಒಳಗಿರೋದು ಸಿಪ್ಪೆಗೆ ಹತ್ಕೊಂಡಿರ್ತದೆ. ಅಲ್ಲಾಡಿದ್ರೆ ಹಿಡಿತ ತಪ್ಪಿ ಸಾಯ್ತದೆ. ಮಣ್ಣು ಒಣಗಿದಾಗ ಒಂಚೂರು ನೀರು ಚಿಮುಕಿಸಿ, ಸಾಕು."

ಕಾಲೇಜು ತೆರೆದು ಅವನು ಹೋದ. ಮಡಕೆ ಅವಳ ಪಾಲಿಗೆ ಉಳಿಯಿತು. ಅದನ್ನು ನೋಡಿದರೆ ಹೆದರಿಕೆ, ನೋಡದೆ ಇದ್ದರೆ ಇನ್ನೂ ಹೆದರಿಕೆ. ಹೊಟ್ಟೆ ಕಾಣಿಸಿಕೊಂಡ ಮೇಲೆ ಅವಳೂ ಮಗ್ಗುಲು ಬದಲಿಸುವಾಗ ಮೆಲ್ಲಗೆ ಹೊರಳುವುದನ್ನು ಕಲಿತಳು. ಪುಷ್ಯದ ಚಳಿಯಲ್ಲಿ ಒಂದು ಮೊಟ್ಟೆ ಸುಕ್ಕಿ ಕಪ್ಪಾಯಿತು. ಅಮ್ಮಯಮ್ಮ ಅದನ್ನು ತಿಪ್ಪೆಗೆ ಹಾಕಿ ಬಂದು ಸೊಸೆಯ ಹೊಟ್ಟೆಯನ್ನೇ ಒಂದು ಗಳಿಗೆ ನೋಡಿದಳು.

ಯುಗಾದಿಗೆ ವೆಂಕಟರಾಯಪ್ಪ ಬಂದ. ಆಗ ಅವಳಿಗೆ ಆರನೇ ತಿಂಗಳು ನಡೆಯುತ್ತಿತ್ತು. ಹಬ್ಬದ ಮಾರನೇ ದಿನ, ಹೊಸತೊಡಕಿನ ಬೆಳಗ್ಗೆ ನೀರು ಚಿಮುಕಿಸಲು ಹೋದವಳು ಅಲ್ಲೇ ನಿಂತುಬಿಟ್ಟಳು. ಮೊಟ್ಟೆಯ ಸಿಪ್ಪೆ ಬ್ಲೇಡಿನಲ್ಲಿ ಗೀರಿದಂತೆ ಸೀಳಿತ್ತು. ಅವಳ ಕೂಗಿಗೆ ಮನೆಯವರೆಲ್ಲ ಒಲೆಯ ಹಿಂದೆ ಸೇರಿದರು.

ಸೀಳಿನಿಂದ ಮೊದಲು ಹೊರಬಂದದ್ದು ನಾಲಿಗೆ. ತುದಿಯಲ್ಲಿ ಎರಡಾಗಿತ್ತು.

"ಸೀಳು ನಾಲಗೆ! ನಾಗಪ್ಪಾ, ತಪ್ಪಾಯ್ತು ನಮ್ಮಪ್ಪಾ!" ಅಮ್ಮಯಮ್ಮ ಕೈಮುಗಿದಳು. ಮುನಿಲಕ್ಷ್ಮಮ್ಮ ಎರಡೂ ಕೈಯಿಂದ ಹೊಟ್ಟೆ ಹಿಡಿದುಕೊಂಡಳು. ಯಾವತ್ತೂ ಹೂಂ ಅನ್ನುವ ಮುನಿವೆಂಕಟಪ್ಪ ಅವತ್ತು ಹೂಂ ಅನ್ನದೆ ಬಂದು ಹೆಂಡತಿಯ ಪಕ್ಕ ನಿಂತ.

ಆಮೇಲೆ ಬಂತು ಒಂದು ಕಾಲು, ಉಗುರುಗಳ ಸಮೇತ.

"ಕಾಲು! ನೋಡವ್ವ, ಕಾಲು!" ವೆಂಕಟರಾಯಪ್ಪ ಕುಣಿದ.

"ಹಿಂದೆ ಹಾವಿಗೂ ಕಾಲಿದ್ವು ಅಂದೋನು ನೀನೇ ಅಲ್ವೇನ್ಲಾ?"

ಅಷ್ಟು ಪುಸ್ತಕ ಓದಿ ಅವ್ವನ ಕೈಗೆ ದೊಣ್ಣೆ ಕೊಟ್ಟವನು ಅವನೇ.

ಮರಿ ಯಾರ ತೀರ್ಮಾನಕ್ಕೂ ಕಾಯಲಿಲ್ಲ. ಹಳದಿ ಚುಕ್ಕಿಗಳ ಗೇಣುದ್ದದ ಮೈಯನ್ನು ಎಳೆದುಕೊಂಡು ಹೊರಬಂದು, ಮಡಕೆಯ ಕಂಠ ಹತ್ತಿ, ಬಗ್ಗಿದ್ದ ಮುನಿಲಕ್ಷ್ಮಮ್ಮನ ಸೆರಗಿಗೆ ಹಾರಿ ಹಿಡಿದುಕೊಂಡಿತು. ಅವಳು ಚೀರಿದಳು. ವೆಂಕಟರಾಯಪ್ಪ ಅದರ ನಡು ಹಿಡಿದು ಎಳೆದ. ಸೆರಗಿನ ನೂಲು ಪರ್‍ರೆಂದಿತೇ ಹೊರತು ಉಗುರು ಬಿಡಲಿಲ್ಲ. ಮತ್ತೆ ಎಳೆದ. ಸೀರೆಯೇ ಅವನ ಕಡೆಗೆ ಬಂತು.

"ತೆಗಿಯಲಾ ಕೈಯ!" ಅಮ್ಮಯಮ್ಮ ಗದರಿದಳು. ಹತ್ತಿರ ಬಂದು, ಕಣ್ಣು ಕಿರಿದು ಮಾಡಿ ಆ ಉಗುರುಗಳನ್ನು ನೋಡಿದಳು. ಅವಳ ಮುಖ ಸಡಿಲವಾಯಿತು. "ಉಡ ಕಣ್ರಲಾ ಇದು. ಉಡದ ಮರಿ. ಚಿಕ್ಕೋಳಿದ್ದಾಗ ನಮ್ಮಪ್ಪ ಹುತ್ತದಿಂದ ಉಡ ಎಳೀತಿದ್ದ. ಪ್ರಾಣ ಹೋದ್ರೂ ಪಟ್ಟು ಬಿಡಾಕಿಲ್ಲ ಇದು. ಇಂಥ ಪಟ್ಟು ಯಾವ್ ಹಾವಿಗೈತೆ!"

"ನಾನು ಹೇಳ್ಲಿಲ್ವಾ..." ವೆಂಕಟರಾಯಪ್ಪ ಶುರುಮಾಡಿದ.

"ನೀನು ಸುಮ್ಕಿರಲಾ, ಹಾವಿಗೆ ಕಾಲಿಕ್ಕೋನೆ. ಹೋಗಿ ನಿಮ್ ಮಾವನಿಗೆ ಹೇಳು, ಅಂಜಿನಮ್ಮಂಗೆ ಬೇರೆ ಕಡೆ ಗಂಡು ನೋಡ್ಲಿ."

ಮುನಿಲಕ್ಷ್ಮಮ್ಮನಿಗೆ ಆಗ ಅಳು ಬಂತು. ಅಷ್ಟು ತಿಂಗಳ ಅಳು. ಅಳುತ್ತಲೇ ಸೆರಗಿನಿಂದ ಮರಿಯನ್ನು ಬಿಡಿಸಲು ಕೈ ಹಾಕಿದಳು. ಅತ್ತೆ ಆ ಕೈಯನ್ನು ತಡೆದಳು.

"ಬಿಡಿಸ್ಬ್ಯಾಡ ಕಣವ್ವ. ಇರ್ಲಿ. ಅದಾಗೇ ಬಿಡಾ ತನಕ ಇರ್ಲಿ."

ಬಿಸಿಲೇರುವ ಮೊದಲು ಅತ್ತೆ ಸೊಸೆ ತೋಪಿನ ಅಂಚಿಗೆ ಹೋದರು. ಹುತ್ತದ ಬುಡದಲ್ಲಿ ಮುನಿಲಕ್ಷ್ಮಮ್ಮ ಸೆರಗನ್ನು ಮಣ್ಣಿಗೆ ಹಾಸಿ ಕೂತಳು. ಮರಿ ನಾಲಿಗೆ ಚಾಚಿ ಗಾಳಿಯ ರುಚಿ ನೋಡಿತು, ಆದರೂ ಹಿಡಿದದ್ದನ್ನು ಬಿಡಲಿಲ್ಲ. ಅಮ್ಮಯಮ್ಮ ಅವಸರ ಮಾಡಲಿಲ್ಲ. ಸೊಸೆಯ ಪಕ್ಕದಲ್ಲೇ ನೆಲಕ್ಕೆ ಕೂತು, ಕಾಲು ಚಾಚಿಕೊಂಡು, ಎಲೆಅಡಿಕೆಯ ಚೀಲ ಬಿಚ್ಚಿದಳು.