ಕೊರ್ವೋಲ್ ಎಂಬ ಬರಹಗಾರ

ಈ ಕೊರ್ವೋಲ್ ಎಂಬ ಮಹಾಶಯನ ಮುಖವನ್ನು ನಮ್ಮ ಸಿನಿಮಾ ಆಫೀಸಿನಲ್ಲಿ ಯಾರೂ ನೋಡಿರಲಿಲ್ಲ. ಅವನ ಚಿತ್ರಕಥೆಯನ್ನು ವಾರಕ್ಕಿಷ್ಟು ಹಾಳೆಯಂತೆ ತಂದುಕೊಡುತ್ತಿದ್ದವಳು ನಟಿ ಸೊಲಾಂಜ್ ವೆರ್ನೈ. ಟೈಪ್ ಮಾಡುತ್ತಿದ್ದವಳು ನಾನು. ಕೇಳಿದರೆ, "ಅವ್ರಿಗೆ ಎದೆ ಸರಿಯಿಲ್ಲ, ಸಮುದ್ರದ ಕಡೆ ಇದಾರೆ, ಪ್ಯಾರಿಸ್ ಹೊಗೆ ಆಗಲ್ಲ" ಅನ್ನುತ್ತಿದ್ದಳು.

ನನಗೋ ಕೆಟ್ಟ ಕುತೂಹಲ. ಯುದ್ಧಕ್ಕೆ ಮುಂಚಿನಿಂದ ಗಂಡಸರು ಬರೆದದ್ದನ್ನೇ ಟೈಪ್ ಮಾಡಿ ಬೆರಳು ಸವೆಸಿದವಳು ನಾನು. ಅವರ ಪಾತ್ರಗಳು ಮಾತಾಡುತ್ತವೆ, ಅಷ್ಟೇ. ಕೊರ್ವೋಲನ ಪಾತ್ರಗಳ ಕೈಗೆ ಸದಾ ಕೆಲಸ. ಬೈಯುವಾಗ ಬಟಾಣಿ ಬಿಡಿಸುತ್ತವೆ, ಸುಳ್ಳು ಹೇಳುವಾಗ ಕೈಗವಸು ಹುಡುಕುತ್ತವೆ. ಕ್ಯಾಮೆರಾ ಎದುರು ಕೈ ಎಲ್ಲಿಡಬೇಕೆಂದು ತಿಳಿಯದೆ ಒದ್ದಾಡಿದವರಿಗಲ್ಲದೆ ಇದು ಯಾರಿಗೆ ಹೊಳೆದೀತು? ಒಂದು ದಿನ ಕೇಳಿಯೇಬಿಟ್ಟೆ.

"ಕೊರ್ವೋಲ್ ನೀನೇ ತಾನೆ?"

ಸೊಲಾಂಜ್ ಬಾಗಿಲು ಮುಚ್ಚಿದಳು. "ಬಾಯ್ಬಿಟ್ಟೀಯ ಜರ್ಮೇನ್. ನನ್ನ ಹೆಸ್ರಲ್ಲಿ ಎರಡು ಸಲ ಕೊಟ್ಟೆ ಕಣೇ. ಕಾಸ್ತೆಲಾನ್ ಓದ್ಲೇ ಇಲ್ಲ. 'ನಲವತ್ಮೂರಾಯ್ತು, ಮನೇಲಿ ಜಾಮ್ ಮಾಡ್ಕೊಂಡಿರು' ಅಂದ."

ಕಾಸ್ತೆಲಾನ್ ನಮ್ಮ ನಿರ್ಮಾಪಕ. ನಮ್ಮ ಕಸುಬಿನಲ್ಲಿ ಬರೆದವನೇ ಕೂತು ಇಡೀ ಚಿತ್ರಕಥೆಯನ್ನು ಎಲ್ಲರೆದುರು ಗಟ್ಟಿಯಾಗಿ ಓದಬೇಕು. "ಗುರುವಾರ ಕೊರ್ವೋಲ್ ಬಂದು ಓದ್ಲಿ. ಬರ್ಲಿಲ್ವೋ, ಬೇರೆಯವ್ರ ಕೈಲಿ ತಿದ್ದಿಸಿ ಅವ್ರ ಹೆಸ್ರೇ ಹಾಕ್ತೀನಿ" ಎಂದು ಅವನು ಹೇಳಿಕಳಿಸಿದ.

ಗುರುವಾರ ಸೊಲಾಂಜ್ ಒಬ್ಬಳೇ ಬಂದಳು. ಕೊರ್ವೋಲನಿಗೆ ಜ್ವರ, ಅವನ ಬದಲು ತಾನೇ ಓದುವೆ ಎಂದು ಶುರುಮಾಡಿದಳು. ಹತ್ತು ನಿಮಿಷದಲ್ಲಿ ನನ್ನ ಜೀವ ಬಾಯಿಗೆ ಬಂತು. ತೊಡೆಯ ಮೇಲಿದ್ದ ಹಾಳೆಗಳನ್ನು ಅವಳು ತಿರುವುತ್ತಲೇ ಇಲ್ಲ! ಮಾತು ಉರುಹೊಡೆಯುವ ನಟಿಯ ಚಾಳಿ ಎಲ್ಲಿ ಹೋದೀತು? ಒಂದೂವರೆ ಗಂಟೆ, ಎಲ್ಲ ಪಾತ್ರಗಳೂ ಬಾಯಲ್ಲೇ. ನಿರ್ದೇಶಕ ಕಣ್ಣೊರೆಸಿಕೊಂಡ. ಕಾಸ್ತೆಲಾನ್ ಮಾತ್ರ ಆ ಹಾಳೆಗಳನ್ನೇ ನೋಡುತ್ತಿದ್ದ.

"ಒಂದು ಹಾಳೆನೂ ತಿರುವಲಿಲ್ವಲ್ಲ ಸೊಲಾಂಜ್."

"ಬಾಯಿಪಾಠ ಆಗೋಗಿದೆ."

ಅವನು ನಕ್ಕ. ಎಲ್ಲ ಗೊತ್ತಾಗಿಹೋಗಿತ್ತು. "ಈ ಕಥೇಲಿರೋ ಮನೆ ಒಡತಿ ಪಾತ್ರ ನಿಂಗೇ ಇರ್ಲಿ. ದೊಡ್ಡ ಪಾತ್ರ. ಕೊರ್ವೋಲ್ ಸಮುದ್ರದ ಗಾಳಿ ಕುಡೀತಾ ಅಲ್ಲೇ ಇರ್ಲಿ, ನಾವ್ಯಾರೂ ಏನೂ ಕೇಳಲ್ಲ. ಹೆಂಗಸು ಬರ್ದಿದ್ದು ಅಂದ್ರೆ ಥಿಯೇಟರ್‌ನೋರು ಮೂಗು ಮುರೀತಾರೆ."

ಮೂರು ವರ್ಷದಿಂದ ಅವಳನ್ನು ಯಾರೂ ಒಂದು ಪಾತ್ರಕ್ಕೂ ಕರೆದಿರಲಿಲ್ಲ. ಒಪ್ಪಿಕೊಳ್ಳುತ್ತಾಳೆ ಅಂದುಕೊಂಡೆ, ನಾನಾಗಿದ್ದರೆ ಒಪ್ಪಿಬಿಡುತ್ತಿದ್ದೆ.

"ಪಾತ್ರಕ್ಕೆ ಬೇರೆ ಯಾರನ್ನಾದ್ರೂ ನೋಡ್ಕೊಳ್ಳಿ" ಅಂದಳು ಸೊಲಾಂಜ್. ಎಂಥ ನಟಿ, ಆದರೂ ದನಿಯ ನಡುಕ ಮುಚ್ಚಲಾಗಲಿಲ್ಲ. "ಬರ್ದವಳು ನಾನು. ನನ್ನ ಹೆಸ್ರು ಹಾಕಲ್ಲ ಅಂದ್ರೆ ಕಥೆ ಕೊಡಲ್ಲ."

ಹಾಳೆಗಳನ್ನು ಒಟ್ಟುಮಾಡಿಕೊಂಡು ಎದ್ದಳು. ಯಾರೂ ತಡೆಯಲಿಲ್ಲ. ಬಾಗಿಲ ಹಿಡಿಗೆ ಕೈಯಿಟ್ಟಾಗ ಹಿಂದಿನಿಂದ ಕಾಸ್ತೆಲಾನನ ಗೊಣಗು ಕೇಳಿಸಿತು.

"ಆ ಅಡುಗೆಮನೆ ದೃಶ್ಯ ತುಂಬ ಎಳೀತು. ಸೋಮವಾರದೊಳಗೆ ಚಿಕ್ಕದು ಮಾಡಿ ತರ್ತೀರಾ?"

ಅವಳಿಗೆ ಅವನು ಬಹುವಚನ ಹಚ್ಚಿದ್ದು ಅದೇ ಮೊದಲು, ಅದೂ ಬರೆದವಳೆಂದು. ಸೊಲಾಂಜ್ ಬಾಗಿಲ ಪಕ್ಕದ ಕುರ್ಚಿಯಲ್ಲಿ ಕೂತಳು. ಎಲ್ಲರೆದುರೇ ಅತ್ತಳು. ಆಮೇಲೆ ಮೂಗೊರೆಸಿಕೊಂಡು ನನ್ನ ಕಡೆ ಕೈಚಾಚಿದಳು.

"ಪೆನ್ಸಿಲ್ ಕೊಡೇ."