ಹಂದಿಮರಿಯ ಮೂರು ನಿಮಿಷ

ಆ ಗುರುವಾರ ಕೊಲ್ಲಿ ನಾಡಿನ ಅಬು ಹಲೀಫಾದ ನಮ್ಮ ಮನೆಯಲ್ಲಿ ಒಲೆಯ ಮೇಲಿನ ಮೀನುಸಾರು ಸೀದುಹೋದದ್ದು ಯಾರಿಗೂ ಗೊತ್ತಾಗಲಿಲ್ಲ. ಮಗಳು ಡೆಲ್ಮಾ ಫೋನ್ ಹಿಡಿದು ಕಿರುಚುತ್ತಿದ್ದಳು: "ಮಮ್ಮಿ, ಕಮ್ ಫಾಸ್ಟ್!"

ಲೆಸ್ಲಿ ಹಾರ್ಕನ್ ಎಂಬ ಇಂಗ್ಲಿಷ್ ನಿರ್ದೇಶಕರ ಹೆಸರು ನೀವು ಕೇಳಿರಲಾರಿರಿ. ಅವರ ಬೀದಿಯವರೇ ಕೇಳಿಲ್ಲ. ಮಕ್ಕಳಿಗಾಗಿ ಒಂಬತ್ತು ಚಿತ್ರ ತೆಗೆದವರು. ನಿರ್ಮಾಪಕರೂ ಅವರೇ, ಚಿತ್ರದ ಪ್ರಾಣಿಗಳಿಗೆ ಮೇವು ಹಾಕುವವರೂ ಅವರೇ. ಎಂಟು ಹಾಳಾಗಿದ್ದವು. ಉಳಿದ ಒಂದನ್ನು ಶನಿವಾರ ಅವರ ಊರಿನ ಮಕ್ಕಳಿಗೆ ತೋರಿಸುವವರಿದ್ದರು. ತೊಂಬತ್ತಮೂರರ ಹಾರ್ಕನ್‌ಗೆ ಅದೇ ಕೊನೆಯ ಆಸೆ. ಆದರೆ ಚಿತ್ರವಿಡೀ ಮಕ್ಕಳು ಹುಡುಕುವ ಹಂದಿಮರಿ ಕೊನೆಗೆ ಸಿಗುವ ಮೂರು ನಿಮಿಷವೇ ಪ್ರಿಂಟಿನಲ್ಲಿ ಇರಲಿಲ್ಲ. ಯಾರಲ್ಲಾದರೂ ಇದೆಯೇ ಎಂದು ಇಂಟರ್ನೆಟ್ಟಿನಲ್ಲಿ ಕೇಳಿಕೊಂಡಿದ್ದರು. ಡೆಲ್ಮಾ ಫೋನಿನಲ್ಲಿ ಕಂಡದ್ದು ಅದನ್ನೇ.

ಇತ್ತು! ನಮ್ಮ ಪಪ್ಪನ ಬ್ಯಾಗಿನಲ್ಲಿತ್ತು!

ನನ್ನ ಪಪ್ಪ ರೋಕ್ ಐವತ್ತು ವರ್ಷದ ಹಿಂದೆ ಇಲ್ಲಿನ ಒಂದು ಕ್ಲಬ್ಬಿನಲ್ಲಿ ಪ್ರೊಜೆಕ್ಟರ್ ಓಡಿಸುತ್ತಿದ್ದರು. ಈ ಚಿತ್ರ ಅಲ್ಲಿಗೆ ಬಂದಾಗ ಹಂದಿ ತೋರಿಸುವುದು ಬೇಡವೆಂದ ಮ್ಯಾನೇಜರ್. ಬೇಡದ್ದನ್ನು ಪ್ರದರ್ಶನಕ್ಕೆ ಮುಂಚೆ ಕತ್ತರಿಸಬೇಕು, ವಾಪಸ್ ಕಳಿಸುವ ಮುಂಚೆ ಮತ್ತೆ ಜೋಡಿಸಬೇಕು, ಪದ್ಧತಿ ಹಾಗೆ. ಪಪ್ಪ ಕತ್ತರಿಸಿದರು. ಅಷ್ಟರಲ್ಲಿ ಮದುವೆಗೆ ರಜೆ ಸಿಕ್ಕಿತು. ಮದುಮಗನಿಗೆ ಹಂದಿಮರಿ ಎಲ್ಲಿಯ ನೆನಪು? ತುಂಡು ಅವರ ಪೆಟ್ಟಿಗೆಯಲ್ಲಿ ಮಂಗಳೂರಿಗೆ ಹೋಯಿತು, ಚಿತ್ರ ಇಂಗ್ಲೆಂಡಿಗೆ. ಈ ಸಲ ವಿಸಿಟ್ ವೀಸಾದಲ್ಲಿ ಬರುವಾಗ ಕ್ಲಬ್ಬಿಗೆ ಹಿಂದಿರುಗಿಸಲು ತಂದಿದ್ದರು. ನೋಡಿದರೆ ಕ್ಲಬ್ಬೇ ಇಲ್ಲ.

"ಬೇಡ ಮಾರಾಯ್ತಿ, ಫೋನ್ ಮಾಡ್ಬೇಡ. ಅವರ ಪಿಚ್ಚರ್ ಹಾಳು ಮಾಡಿದ್ದು ನಾನೇ ಅಲ್ವಾ?" ಎಂದರು ಪಪ್ಪ.

ನನಗೆ ರೇಗಿತು. "ಪಾದ್ರಿ ಹತ್ರ ತಪ್ಪು ಹೇಳ್ಲಿಕ್ಕೆ ಆಗ್ತದೆ, ಇವರ ಹತ್ರ ಆಗುದಿಲ್ವಾ?"

ಹಾರ್ಕನ್‌ಗೆ ಮಾಡಿದ ವೀಡಿಯೊ ಕಾಲ್ ಸಿಕ್ಕಿತು. ಪಪ್ಪ ಎದ್ದು ನಿಂತು, ಮೇಷ್ಟ್ರ ಮುಂದೆ ಪಾಠ ಒಪ್ಪಿಸುವಂತೆ ಎಲ್ಲವನ್ನೂ ಇಂಗ್ಲಿಷಿನಲ್ಲಿ ಒಪ್ಪಿಕೊಂಡರು. ಡೆಲ್ಮಾ ಫಿಲ್ಮನ್ನು ಕಿಟಕಿಯ ಬೆಳಕಿಗೆ ಹಿಡಿದಳು. ಹಾರ್ಕನ್ ಮೂಗು ಪರದೆಗೆ ತಾಗುವಷ್ಟು ಹತ್ತಿರ ಬಂದರು.

"ನನ್ನ ಚಿತ್ರ ಕತ್ತರಿಸಿದವರು ಬಹಳ ಮಂದಿ, ಮಿಸ್ಟರ್ ರೋಕ್. ಕತ್ತರಿಸಿದ್ದನ್ನು ಜೋಪಾನ ಮಾಡಿದವರು ನೀವೊಬ್ಬರೇ," ಎಂದರು ಹಾರ್ಕನ್.

ಪಪ್ಪ ಧೊಪ್ಪನೆ ಕುಳಿತುಬಿಟ್ಟರು. ನಾನಂತೂ ಅತ್ತುಬಿಟ್ಟೆ, ನಾಚಿಕೆಯೇನಿಲ್ಲ.

ಮರುದಿನ ಬೆಳಿಗ್ಗೆ ಪಕ್ಕದ ಮನೆಯ ಡೋಲ್ಫಿ ಲಂಡನ್ನಿಗೆ ಹೊರಟಿದ್ದ. ಊರಿಗೆ ಹೋಗುವವರ ಕೈಯಲ್ಲಿ ಏನೆಲ್ಲ ಕಳಿಸುವ ನಮಗೆ ಇದೇನು ಹೊಸತೇ? "ಮಡಿಲಲ್ಲೇ ಇಟ್ಕೋ ಆಯ್ತಾ, ನಿದ್ದೆ ಮಾಡ್ಬೇಡ," ಎಂದು ಪಪ್ಪ ಲಿಫ್ಟಿನ ಬಾಗಿಲು ಮುಚ್ಚುವ ತನಕ ಹೇಳಿದರು.

ಶನಿವಾರ ಹಾರ್ಕನ್‌ರ ಮಗಳು ಚಿತ್ರಮಂದಿರದಿಂದಲೇ ಫೋನ್ ಮಾಡಿದಳು. ಮೊದಲು ಸದ್ದಿಲ್ಲ. ಆಮೇಲೆ ಒಮ್ಮೆಲೇ ನೂರು ಮಕ್ಕಳ ಕೇಕೆ, ಚಪ್ಪಾಳೆ, ನಗು! ಫೋನ್ ನಡುಗುವಷ್ಟು!

ಪಪ್ಪ ಕಣ್ಣೊರೆಸಿಕೊಂಡು ನನ್ನ ಕೈ ಹಿಡಿದರು.

"ಲೊರೈನ್, ಇಷ್ಟು ವರ್ಷ ಆ ಮರಿಯನ್ನು ನೋಡಿ ನಗಾಡಿದ್ದು ನಾನೊಬ್ಬನೇ ಮಾರಾಯ್ತಿ."