ಬಿ ಸೈಡಿನ ಕೊನೆಯ ಹಾಡು

ನಮ್ಮ ಮೊದಲ ರಾಕ್ ಆಲ್ಬಮ್ಮಿನ ಬಗ್ಗೆ ಪೇಪರಿನಲ್ಲಿ ಬಂದದ್ದು ಒಂಬತ್ತೇ ಸಾಲು. ಅದರಲ್ಲಿ ಏಳು ಬೈಗುಳ. ‘ಗಿರಣಿಯಲ್ಲಿ ಬೇಳೆ ಒಡೆದಂಥ ಸದ್ದು’ ಎಂದು ಬರೆದಿದ್ದರು ಕಮಲಾಪುರದ ದೇವೀಂದ್ರಪ್ಪ ಮಾಸ್ತರರು. ಬರೆಯಲಿ ಬಿಡಿ, ನಂದೂರಿನ ನಮ್ಮಪ್ಪನ ದಾಲ್ ಮಿಲ್ಲಿನಲ್ಲೇ ರೆಕಾರ್ಡ್ ಮಾಡಿದ್ದೆವು. ಕ್ಯಾಸೆಟ್ ಕೊಡಲು ಅವರ ಮನೆಗೆ ಹೋದಾಗ ಕೈಗೆ ಕೆಂಪು ಬಾಳೆಹಣ್ಣು ಕೊಟ್ಟು, “ಕೇಳಿದ್ದು ಕೇಳಿದಂಗ ಬರೀತೀನಿ ನೋಡ್ರಪಾ” ಅಂದಿದ್ದರು. ಹಾಗೇ ಬರೆದರು.

ಕೊನೆಯ ಎರಡು ಸಾಲು ಮಾತ್ರ ತಿಳಿಯಲಿಲ್ಲ. ‘ಬಿ ಸೈಡಿನ ಕೊನೆಯಲ್ಲಿ ವಾದ್ಯವಿಲ್ಲದೆ ಹಾಡಿದ ಹೆಂಗಸು ಯಾರು? ಈ ಕ್ಯಾಸೆಟ್ಟಿನಲ್ಲಿ ಹಾಡಲು ಬರುವುದು ಆಕೆಯೊಬ್ಬಳಿಗೇ.’

ಹೆಂಗಸೆಲ್ಲಿಂದ ಬಂದಳಪ್ಪಾ! ಡ್ರಮ್ಮಿಗೆ ಮಲ್ಲಣ್ಣನೆಂಬ ನಾನು. ಗಿಟಾರು, ಹಾಡು ಎರಡೂ ಬಂಡುವಿನದು. ಇಬ್ಬರೇ ನಾವು. ಕಾಪಿ ಮಾಡಿಕೊಟ್ಟ ಜಹೀರುದ್ದೀನ್ ನಮ್ಮ ಕ್ಯಾಸೆಟ್ಟನ್ನು ತುದಿಯವರೆಗೂ ಹಾಗೇ ಇಳಿಸಿದ್ದ. ನಮ್ಮ ಹಾಡು ಮುಗಿದ ಮೇಲೆ ಏನಿದೆಯೆಂದು ನಾವು ಕೇಳಿರಲೇ ಇಲ್ಲ. ಅವತ್ತು ಹಾಕಿದೆವು. ಪಾತ್ರೆಯ ಸಪ್ಪಳ, ಅದರ ಹಿಂದೆ ಒಂದು ದನಿ. ಬಂಡು ನೆಲದ ಮೇಲೆ ಕುಕ್ಕರಿಸಿದ.

“ನಮ್ಮ ಆಯಿ,” ಅಂದ.

ಅವನ ತಾಯಿ ಸಾವಿತ್ರೀಬಾಯಿ ತೀರಿಕೊಂಡು ಎರಡು ವರ್ಷವಾಗಿತ್ತು.

ತಪ್ಪು ನನ್ನದು. ರೆಕಾರ್ಡಿಂಗಿನ ದಿನ ಭಾನುವಾರ, ಖಾಲಿ ಕ್ಯಾಸೆಟ್ ತರೋಣವೆಂದರೆ ಸೇಡಂ ರಸ್ತೆಯ ಅಂಗಡಿಗಳೆಲ್ಲ ಬಂದ್, ಮಧ್ಯಾಹ್ನಕ್ಕೆ ಕರೆಂಟು ಹೋಗುವುದಿತ್ತು. “ಮನ್ಯಾಗಿನ ಹಳೇ ಕ್ಯಾಸೆಟ್ ತಗೊಂಬಾರೋ!” ಎಂದು ಬಂಡುವಿನ ಮೇಲೆ ಹರಿಹಾಯ್ದೆ. ಅವನು ಅಪ್ಪನ ಕಪಾಟಿನಿಂದ ನಾಲ್ಕು ತಂದ. ಮೇಲೆ ಉರ್ದು ಬರಹ. ಅವನಪ್ಪ ಹಣಮಂತರಾವ ಕಾಕಾ ನಿಜಾಮನ ಕಾಲದಲ್ಲಿ ಉರ್ದು ಸಾಲೆ ಕಲಿತವರು, ಕಿರಾಣಿ ಚೀಟಿಯನ್ನೂ ಉರ್ದುವಿನಲ್ಲೇ ಬರೆಯುವವರು. ನಮಗೆ ಓದಲು ಬರದು. ಇದ್ದದ್ದರ ಮೇಲೆ ಯಾರೂ ರೆಕಾರ್ಡ್ ಮಾಡದಿರಲೆಂದು ನಾಲ್ಕರದೂ ಅಂಚಿನ ಪ್ಲಾಸ್ಟಿಕ್ ಚೂರನ್ನು ಮುರಿದಿಟ್ಟಿದ್ದರು. “ಕವ್ವಾಲಿ ಇರಬೇಕು ಬಿಡೋ, ಮತ್ತ ಸಿಗ್ತಾವ,” ಎಂದು, ಮತ್ತೆ ರೆಕಾರ್ಡ್ ಆಗುವಂತೆ ಆ ತೂತುಗಳಿಗೆ ನಾನೇ ಕಾಗದ ಅಂಟಿಸಿದೆ. ಒಂದು ಸಲ ಹಾಕಿ ಕೇಳಬಹುದಿತ್ತು. ಕೇಳಲಿಲ್ಲ, ನನ್ನ ತಲೆಗಿಷ್ಟು!

ಪ್ರಾಕ್ಟೀಸಿಗೆ ಬಳಸಿ ಕಪಾಟಿಗೆ ವಾಪಸಿಟ್ಟಿದ್ದ ಉಳಿದ ಮೂರನ್ನೂ ಬಂಡು ಕದ್ದು ತಂದ. ಎರಡೂ ಬದಿ ಕೊನೆಯವರೆಗೆ ಕೇಳಿದೆವು. ಬರೀ ನಾವೇ ಇದ್ದೆವು; ಆಯಿಯ ದನಿ ಎಲ್ಲೂ ಉಳಿದಿರಲಿಲ್ಲ. ಮತ್ತೆ ಅಲ್ಲೇ ಇಟ್ಟು, ಮರುದಿನ ಕಾಕಾಗೆ ಹೇಳಿಬಿಡೋಣವೆಂದು ಹೋದೆವು.

ಕಾಕಾ ಪೇಪರು ಹಿಡಿದು ಕೂತಿದ್ದರು. ಎದುರಿಗೆ ನಮ್ಮ ಕ್ಯಾಸೆಟ್ಟು. ಮಗನ ಹಾಡನ್ನು ಅವರು ಹಿಂದೆಂದೂ ಕೇಳಿದವರಲ್ಲ. ಎದ್ದು ಬಂದು ನನ್ನ ಕೈ ಹಿಡಿದರು.

“ನಿಮ್ಮ ಗದ್ದಲ ನನಗ ತಿಳೀಲಿಲ್ಲಪಾ. ಆದ್ರ ಕಡೀಕ ಆಕಿಗೆ ಜಾಗಾ ಕೊಟ್ರಿ ನೋಡ್ರಿ, ಭಾಳ ಛಲೋ ಮಾಡಿದ್ರಿ. ಆಕಿ ಅಡಿಗಿಮನ್ಯಾಗ ಹಾಡೂದನ್ನ ಆಕಿಗೇ ಗೊತ್ತಾಗದಂಗ ಕ್ಯಾಸೆಟ್ಟಿಗೆ ತುಂಬಿಟ್ಟಿದ್ದೆ. ಹೋದಮ್ಯಾಲ ಹಚ್ಚಿ ಕೇಳೂ ಧೈರ್ಯ ಆಗಿದ್ದಿಲ್ಲ. ಇನ್ನೂ ಮೂರು ಅವ. ಮುಂದಿನ ಕ್ಯಾಸೆಟ್ಟಿಗೆ ಹಾಕ್ರಿ.”

ಕೈ ಬಿಡದೆ ನನ್ನನ್ನೂ ಕಪಾಟಿನತ್ತ ಎಳೆದೊಯ್ದರು. ಮೈಕಿಲ್ಲದೆ ಇಡೀ ಮಿಲ್ಲಿಗೆ ಕೇಳುವಂತೆ ಕಿರುಚುತ್ತಿದ್ದ ಬಂಡು ನನ್ನ ಬೆನ್ನ ಹಿಂದೆ ಸರಿದ.

ಕಾಕಾ ಒಂದನ್ನು ತೆಗೆದು ಹೆಬ್ಬೆರಳಿನಿಂದ ಅಂಚನ್ನು ಸವರಿದರು. ಬೆರಳು ನಿಂತಿತು. ಕಣ್ಣಿನ ಹತ್ತಿರ ಹಿಡಿದು ನೋಡಿದರು.

“ಇದನ್ನ ನಾ ಮುರದಿದ್ನಲ್ಲಾ,” ಅಂದರು. “ಇಲ್ಲಿ ಕಾಗದ ಯಾರು ಹಚ್ಚಿದ್ರೋ ಬಂಡೂ?”

ನನ್ನ ಕೈ ಇನ್ನೂ ಅವರ ಕೈಯಲ್ಲೇ ಇತ್ತು.